ನೂರಾ ಎಂಬತ್ತು

ಸ್ಥಾವರದಲ್ಲಿ ನಾನು ಕಾಯುವ ಮುಳ್ಳು
ಐನೂರಾ ನಲವತ್ತರ ಹತ್ತಿರ ನಡುಗುತ್ತಿರುತ್ತದೆ.
ಮನೆಯ ಈ ಡಬ್ಬಿಯ ಗುಂಡಿ ನೂರಾ ಎಂಬತ್ತಕ್ಕೆ ನಿಂತಿದೆ.
ನೀಲಗಂಗಾ ಕೇಳುತ್ತಾಳೆ:
“ಇಷ್ಟು ಸಣ್ಣ ಬೆಂಕಿ ನಿಮ್ಮ ಮಾತು ಕೇಳ್ತದೇನ್ರಿ?”

ಓವನ್ನು ನಮ್ಮದಲ್ಲ, ಅಂದರೆ ಈಗ ನಮ್ಮದು.
ಶಕ್ತಿನಗರ ಬಿಟ್ಟು ವರ್ಗವಾಗಿ ಹೋಗುವಾಗ ಕುಲಶೇಖರರು
ಲಾರಿಯಲ್ಲಿ ಜಾಗವಿಲ್ಲವೆಂದು ಎಂಟುನೂರಕ್ಕೆ ಕೊಟ್ಟರು,
ಜೊತೆಗೆ ಒಂದು ಕರಿಬೇವಿನ ಕುಂಡ.
ಸಮಯದ ಗುಂಡಿ ಮುರಿದಿದೆ.
ಸಮಯ ನಾನೇ ನೋಡಬೇಕು.

ಅಣಬೆ ಎರಡು ಪ್ಯಾಕೆಟ್,
ಹೈದರಾಬಾದಿನ ಬಸ್ಸಿನಲ್ಲಿ ಬಂದು
ತೀನ್ ಕಂದೀಲಿನ ಹತ್ತಿರ ಐಸಿನ ಪೆಟ್ಟಿಗೆಯಲ್ಲಿ ಬೆವರುತ್ತಿದ್ದವು.
ತೊಳೆಯಬಾರದಂತೆ, ನೀರು ಕುಡಿಯುತ್ತವೆ.
ಒದ್ದೆ ಬಟ್ಟೆಯಲ್ಲಿ ಒಂದೊಂದನ್ನೇ ಒರೆಸುತ್ತೇನೆ.
ಒರೆಸುವುದನ್ನು ಈ ಕಾಲೊನಿಗೆ ಯಾರೂ ಕಲಿಸಬೇಕಿಲ್ಲ:
ಕಿಟಕಿಯ ಕಟ್ಟೆ, ತುಳಸಿಯ ಎಲೆ, ಒಣಹಾಕಿದ ಅಂಗಿಯ ಹೆಗಲು,
ಬೆಳಗಾದರೆ ಬೂದಿ.
ಆದರೆ ಇಷ್ಟು ಬಿಳಿಯದನ್ನು ಒರೆಸಿದ್ದು ಇದೇ ಮೊದಲು.

ಕಾಲು ಮುರಿದೆ. ಟಪ್ಪೆಂದು ಬಂತು.
ನಾಯಿಕೊಡೆ ಅನ್ನುತ್ತಿದ್ದಳು ನಮ್ಮವ್ವ,
ಮುಟ್ಟಬ್ಯಾಡ, ಒದ್ದು ಮುಂದಕ್ಕ ನಡಿ.
ಮಳೆಯೇ ಲೆಕ್ಕ ಇಟ್ಟು ಬರುವ ಸೀಮೆಯಲ್ಲಿ
ಕೊಡೆಗೇನು ಕೆಲಸ?
ಮಗುಚಿಟ್ಟೆ. ಬಟ್ಟಲಾಯಿತು.
ಹದಿನೇಳು ಬಟ್ಟಲು, ಒಂದರ ಅಂಚು ಹರಿದದ್ದು.

ಬ್ರೆಡ್ಡಿನ ಪುಡಿ ಇರಲಿಲ್ಲ.
ಡಬ್ಬಿಯ ತಳದಲ್ಲಿ ಮೂರು ಖಡಕ್ ರೊಟ್ಟಿ ಇದ್ದವು,
ಅಂಗೈಯಲ್ಲಿ ಹಿಸುಕಿದರೆ ಒಣ ಎಲೆಯ ಸದ್ದು.
ಕೊಚ್ಚಿದ ಕಾಲು, ಬೆಳ್ಳುಳ್ಳಿ, ಉಳ್ಳಾಗಡ್ಡಿ
ಬಾಣಲೆಯಲ್ಲಿ ನೀರು ಬಿಟ್ಟು, ಬಿಟ್ಟ ನೀರು ತಾವೇ ಹೀರಿ
ಸುಮ್ಮನಾದ ಮೇಲೆ
ಗುರೆಳ್ಳು ಪುಡಿ, ಕೊತ್ತಂಬರಿ, ತುರಿದ ಚೀಸು.
“ಶೇಂಗಾ ಹಾಕ್ರಿ,” ಅಂದಳು. ಹಾಕಲಿಲ್ಲ.
ನಾನು ಅತ್ತ ತಿರುಗಿದಾಗ ಅವಳೇ ಹಾಕಿದಳು.

ಹನ್ನೆರಡನೇ ನಿಮಿಷಕ್ಕೆ ಕರೆಂಟು ಹೋಯಿತು.
ಕೆಂಪಗಿದ್ದ ಸರಳು ಕಪ್ಪಾಯಿತು,
ಫ್ಯಾನು ಇನ್ನೆರಡು ಸುತ್ತು ಸುತ್ತಿ ನಿಂತಿತು.
ಕಿಟಕಿಯಾಚೆ ಚಿಮಣಿಯ ದೀಪಗಳು
ಮೇಲಿಂದ ಕೆಳಗಿನವರೆಗೂ ಉರಿಯುತ್ತಲೇ ಇದ್ದವು.
ಫೋನು ಹಚ್ಚಿದೆ. ಪಾಳಿಯಲ್ಲಿ ಬಂದೇನವಾಜ್:
“ನಮ್ಮವೆಲ್ಲಾ ಓಡಾಕ ಹತ್ಯಾವ ಸಾಹೇಬ್ರ,
ನಿಮ್ಮ ಓಣಿ ಟ್ರಾನ್ಸ್‌ಫಾರ್ಮರ್‌ನಾಗ ಅಳಿಲು ಸತ್ತದಂತ.”

ನೀಲಗಂಗಾ ನಗುತ್ತ ಓವನ್ನಿನ ಬಾಗಿಲಿಗೆ ಕೈ ಹಾಕಿದಳು.
ಬೇಡ, ಅಂದೆ. ಅಷ್ಟು ಜೋರಾಗಿ ಅನ್ನಬೇಕಿರಲಿಲ್ಲ.
ಬೆಂಕಿ ನಿಂತಾಗ ಬಾಗಿಲು ಮುಚ್ಚಿಡಬೇಕು,
ಇಪ್ಪತ್ತೆರಡು ವರ್ಷದಲ್ಲಿ ನಾನು ಖಾತ್ರಿಯಾಗಿ ಕಲಿತದ್ದು ಇಷ್ಟೇ.
ಒಳಗಿರುವ ಕಾವಿಗೆ ಕೆಲಸ ಗೊತ್ತು.

ನೆಲದ ಮೇಲೆ ಕೂತೆವು. ಸೆರಗಿನಿಂದ ಗಾಳಿ ಹಾಕಿಕೊಳ್ಳುತ್ತ ಕೇಳಿದಳು,
“ಇದೆಲ್ಲ ಯಾಕ ಮಾಡಬೇಕನಿಸ್ತು?”
ನೀಲಿ ಗಾಜಿನ ಕಿಂಡಿಯಲ್ಲಿ ರಾತ್ರಿರಾತ್ರಿ ನೋಡಿದ್ದೇನೆ,
ಹತ್ತಾಳೆತ್ತರದ ಬೆಂಕಿ.
ಅದರ ಮೇಲೆ ಒಂದು ಮೆಣಸಿನಕಾಯಿಯನ್ನೂ ಸುಟ್ಟವನಲ್ಲ.
“ಸುಮ್ಮನ,” ಅಂದೆ.

ಫೋನಿನ ಬೆಳಕಲ್ಲಿ ತೆರೆದಾಗ
ಬಟ್ಟಲುಗಳ ಸುತ್ತ ಕಂದು ನೀರು, ಮೇಲೆ ರೊಟ್ಟಿ ಹೊಂಬಣ್ಣ.
ಹರಿದದ್ದನ್ನೇ ಆರಿಸಿಕೊಂಡಳು. ಬಹಳ ಹೊತ್ತು ಅಗಿದಳು.
“ನಮ್ಮ ಎಣ್ಣೆಗಾಯಿಗೆ ದೂರದ ಬೀಗರು,” ಅಂದಳು,
“ಉಪ್ಪು ಒಂಚೂರು ಕಡಿಮಿ ಅದ.”

ನಾಲ್ಕನ್ನು ಬಂದೇನವಾಜ್‌ಗೆಂದು ಮುಚ್ಚಿಟ್ಟು
ಉಳಿದವನ್ನು ತಟ್ಟೆಯಿಂದಲೇ ತಿನ್ನುತ್ತಿದ್ದೆವು, ಬೆರಳು ಸುಡುತ್ತ.
ಆಗ ಕರೆಂಟು ಬಂತು.
ಯಾರೂ ಆರಿಸದ ಓವನ್ನು
ಒಳಗೆ ಏನೂ ಇಲ್ಲದೆ ಮತ್ತೆ ಕೆಂಪಾಗತೊಡಗಿತು.
ಇಬ್ಬರೂ ನೋಡಿದೆವು,
ಇಬ್ಬರೂ ಏಳಲಿಲ್ಲ.